ಹೀರೋಗೆ ಯಾವ ಕಾಲು ಕುಂಟು

ಬೀದಿಯವರೆಲ್ಲ ಅವನನ್ನು ಒಂದೂವರೆ ಮಾಸ್ಟರ್ ಎಂದು ಕರೆಯುತ್ತಿದ್ದರು. ಯಾರೋ ಗೇಲಿಗೆ ಇಟ್ಟ ಹೆಸರಲ್ಲ ಅದು, ಅವನೇ ಕೈಯಾರೆ ಇಟ್ಟುಕೊಂಡದ್ದು. ಮೂರನೆಯ ವಯಸ್ಸಿನಲ್ಲಿ ಪೋಲಿಯೊ ಬಂದು ಹೋದ ಮೇಲೆ ಅವನ ಎಡಗಾಲು ಬಲಗಾಲಿನ ಜೊತೆ ಬೆಳೆಯಲು ಒಪ್ಪಲಿಲ್ಲ. ಶಾಲೆಯಲ್ಲಿ ‘ಕುಂಟ’ ಎಂದವರ ಮೇಲೆ ಅವನು ಕಲ್ಲು ಎಸೆದದ್ದುಂಟು. ಟೈಲರಿಂಗ್ ಕಲಿತು ಕುತ್ತಿಗೆಗೆ ಟೇಪು ಬಿದ್ದ ಮೇಲೆ ಕಲ್ಲು ಬಿಟ್ಟ, ಸಿಟ್ಟು ಬಿಡಲಿಲ್ಲ. ಕುಂಟ ಎಂದರೆ ಎಷ್ಟು ಕುಂಟ? ಅಳತೆಯಿಲ್ಲದ ಮಾತು ಅವನಿಗೆ ಆಗಿಬರುತ್ತಿರಲಿಲ್ಲ. ಒಮ್ಮೆ ಅಂಗಡಿಯ ಮುಂದೆ ನಿಂತ ಗಿರಾಕಿಯೊಬ್ಬ ಫೋನಿನಲ್ಲಿ ಯಾರಿಗೋ, “ಅದೇ, ಆ ಕುಂಟ ಟೈಲರ್ ಅಂಗಡಿ” ಎಂದು ದಾರಿ ಹೇಳುತ್ತಿದ್ದ. ಮಾಸ್ಟರ್ ಕತ್ತರಿ ಕೆಳಗಿಟ್ಟ.

“ಒಂದೂವರೆ ಇಂಚು ಅನ್ನಿ ಸ್ವಾಮಿ. ಅಂದಾಜಿನ ಮೇಲೆ ಹೇಳಬೇಡಿ. ನಿಮ್ಮ ಸೊಂಟಾನ ನಾನು ಅಂದಾಜಿನ ಮೇಲೆ ಬರ್ಕೊಂಡಿದೀನಾ?”

ಗಿರಾಕಿಯ ಸೊಂಟ ಹೇಳಿಕೊಳ್ಳುವಂಥದ್ದಾಗಿರಲಿಲ್ಲ. ಅವನು ತೆಪ್ಪಗೆ ತಿದ್ದಿ ಹೇಳಿದ. ಅಂದಿನಿಂದ ಹೆಸರು ನಿಂತಿತು.

ಅಂಗಡಿ ಎಂಟಡಿ ಅಗಲ, ಹತ್ತಡಿ ಉದ್ದ. ಬಾಗಿಲಿಗೆ ಎದುರಾಗಿ ಹೊಲಿಗೆ ಯಂತ್ರ, ಬಲಕ್ಕೆ ಬಟ್ಟೆ ಕತ್ತರಿಸುವ ಮೇಜು, ಮೂಲೆಯಲ್ಲೊಂದು ಪರದೆ, ಪರದೆಯ ಹಿಂದೆ ಆಳೆತ್ತರದ ಕನ್ನಡಿ. ಯಂತ್ರದ ಪೆಡಲನ್ನು ಬಲಗಾಲು ತುಳಿಯುತ್ತಿತ್ತು. ಎಡಗಾಲು ಒಂದು ಮಣೆಯ ಮೇಲೆ ಕೂತು ಮೇಲ್ವಿಚಾರಣೆ ನೋಡುತ್ತಿತ್ತು. ಎದುರಿಗೆ ಸ್ಟೂಲಿನ ಮೇಲೆ ಹೆಂಡತಿ. ಕಾಜಾ, ಗುಂಡಿ, ಅಂಚಿನ ಕೈಹೊಲಿಗೆ ಎಲ್ಲ ಅವಳದು. ಗಂಡನ ಮಾತಿಗೆ ಮೂಗು ಮುರಿಯುವ ಕೆಲಸವೂ ಅವಳದೇ, ಅದರಲ್ಲಿ ಅವಳಿಗೆ ರಜೆ ಇರಲಿಲ್ಲ.

ಮಾಸ್ಟರಿಗೆ ಹೊಸ ಬಟ್ಟೆ ಹೊಲಿಯುವುದಕ್ಕಿಂತ ಹಳೆಯ ಪ್ಯಾಂಟು ರಿಪೇರಿ ಮಾಡುವುದು ಹೆಚ್ಚು ಇಷ್ಟ. ಮನುಷ್ಯ ಬಾಯಿ ತೆರೆದರೆ ಸುಳ್ಳು ಹೇಳಬಹುದು, ಅವನ ಪ್ಯಾಂಟಿನ ಕಾಲಂಚು ಹೇಳುವುದಿಲ್ಲ ಎನ್ನುವುದು ಅವನ ಸಿದ್ಧಾಂತ. ಹಿಮ್ಮಡಿಯ ಹತ್ತಿರ ಹರಿದಿದ್ದರೆ ಕಾಲೆಳೆದು ನಡೆಯುವ ಸೋಮಾರಿ. ಒಳಮಗ್ಗುಲು ಸವೆದಿದ್ದರೆ ಮಂಡಿ ತಾಗಿಸಿಕೊಂಡು ನಡೆಯುವವನು. ಅವನ ಸ್ವಂತ ಪ್ಯಾಂಟುಗಳಲ್ಲಿ ಎಡಗಾಲಿನ ಅಂಚು ಬೆರಳಿನ ಕಡೆಗೆ ಸವೆಯುತ್ತಿತ್ತು, ಏಕೆಂದರೆ ಆ ಕಾಲು ನೆಲವನ್ನು ಸ್ವಲ್ಪ ಸವರಿಕೊಂಡೇ ಮುಂದೆ ಬರುತ್ತಿತ್ತು. ಅದಕ್ಕಾಗಿ ಅಲ್ಲಿ ಒಳಗಿನಿಂದ ಒಂದು ಪಟ್ಟಿ ಕೊಟ್ಟು ಹೊಲಿಯುತ್ತಿದ್ದ. ಬಡಕಲು ತೊಡೆಗೆ ಇನ್ನೊಂದು ಪದರ ಬಟ್ಟೆ ಕೊಡುತ್ತಿದ್ದ. ಎಡಗಾಲಿನ ಬೂಟಿಗೆ ದಪ್ಪ ಅಟ್ಟೆ ಹಾಕಿಸಿದ್ದ. ಇಷ್ಟೆಲ್ಲ ಆದ ಮೇಲೆ ಅವನು ಬೀದಿಯಲ್ಲಿ ನಡೆದು ಹೋದರೆ, ಏನೋ ಗುನುಗುತ್ತಾ ತಾಳ ಹಾಕಿಕೊಂಡು ಹೋಗುತ್ತಿದ್ದಾನೆ ಅನ್ನಿಸುತ್ತಿತ್ತು.

ಇಂಥ ಗಟ್ಟಿ ಆಸಾಮಿ ಜೀವನದಲ್ಲಿ ಹೆದರುತ್ತಿದ್ದದ್ದು ಒಂದಕ್ಕೇ, ಸಿನಿಮಾದ ಕೊನೆಯ ಐದು ನಿಮಿಷಕ್ಕೆ.

ಅದಕ್ಕೆ ಕಾರಣ ಅವನ ಅಮ್ಮ. ಎಪ್ಪತ್ತೆರಡು ತುಂಬಿದ ಅಮ್ಮನಿಗೆ ಸಿನಿಮಾ ಎಂದರೆ ಪ್ರಾಣ. ಅದರಲ್ಲೂ ಕುಂಟನೊಬ್ಬನಿರುವ ಸಿನಿಮಾ ಬಂದರೆ ಎಲ್ಲಿದ್ದರೂ ಹುಡುಕಿ ತೆಗೆಯುತ್ತಿದ್ದಳು, ಮಗನನ್ನು ಕರೆದುಕೊಂಡು ಹೊರಡುತ್ತಿದ್ದಳು. ಅವನಿಗೆ ಏಳು ವರ್ಷವಾದಾಗ ಶುರುವಾದ ಈ ವ್ರತ ನಲವತ್ತೊಂಬತ್ತಾದರೂ ಮುಗಿದಿರಲಿಲ್ಲ. ಸಿನಿಮಾದ ಕುಂಟ ಯಾವಾಗಲೂ ಒಬ್ಬನೇ. ಅವನಿಗೆ ಕೆಲಸ ಇರುವುದಿಲ್ಲ, ಆದರೆ ಮೌತ್ ಆರ್ಗನ್ ಇರುತ್ತದೆ. ಕಿಟಕಿಯ ಪಕ್ಕ ಕೂತು ಆಟವಾಡುವ ಮಕ್ಕಳನ್ನು ನೋಡಿ ನಿಟ್ಟುಸಿರು ಬಿಡುತ್ತಾನೆ. ಗುಂಡು ಯಾರಿಗೆ ಹಾರಿದರೂ ನಡುವೆ ಬಂದು ಎದೆ ಕೊಡುತ್ತಾನೆ, ಓಡಲಾಗದವನು ಅಷ್ಟು ಬೇಗ ನಡುವೆ ಹೇಗೆ ಬಂದ ಎಂದು ಯಾರೂ ಕೇಳುವುದಿಲ್ಲ. ಸಾಯದೆ ಉಳಿದರೆ ಇನ್ನೂ ಕಷ್ಟ. ಕೊನೆಯ ಐದು ನಿಮಿಷದಲ್ಲಿ ಯಾರೋ ಅಳುತ್ತಾರೆ, ಎಲ್ಲೋ ಗುಡುಗುತ್ತದೆ, ಊರುಗೋಲು ಗಾಳಿಯಲ್ಲಿ ಹಾರುತ್ತದೆ, ಕುಂಟ ಓಡುತ್ತಾನೆ.

ಆಮೇಲೆ ದೀಪ ಹತ್ತಿಕೊಳ್ಳುತ್ತಿತ್ತು. ಅಮ್ಮ ಕರವಸ್ತ್ರದಿಂದ ಕಣ್ಣು ಒರೆಸಿಕೊಳ್ಳುತ್ತಿದ್ದಳು. ಒರೆಸಿಕೊಂಡವಳು ಮೆಲ್ಲಗೆ ತಲೆ ಬಗ್ಗಿಸಿ ಮಗನ ಕಾಲು ನೋಡುತ್ತಿದ್ದಳು. ಮುಖವನ್ನಲ್ಲ, ಕಾಲನ್ನು. ಒಂದು ಗಳಿಗೆ ಅಷ್ಟೇ, ಆಮೇಲೆ “ನಡಿ” ಎನ್ನುತ್ತಿದ್ದಳು.

ಆ ನೋಟದ ಅರ್ಥ ಅವನಿಗೆ ಏಳನೆಯ ವಯಸ್ಸಿನಲ್ಲೇ ಗೊತ್ತಾಗಿತ್ತು. ಇವತ್ತಾದರೂ ಆಗಬಹುದಾಗಿತ್ತಲ್ಲ ಎಂದು ಅವಳು ಕಾಯುತ್ತಿದ್ದಾಳೆ. ಬೀದಿಯವರು ನೂರು ಸಲ ನೋಡಲಿ, ಅವನಿಗೆ ಲೆಕ್ಕಕ್ಕಿಲ್ಲ. ಅಮ್ಮ ಆ ಒಂದು ಗಳಿಗೆ ನೋಡಿದರೆ ಮಾತ್ರ ಎದೆಯಲ್ಲಿ ಸೂಜಿ ಮುರಿದ ಹಾಗಾಗುತ್ತಿತ್ತು. ಒಂದೇ ಒಂದು ಸಿನಿಮಾದಲ್ಲಾದರೂ ಕುಂಟನೊಬ್ಬ ಕುಂಟನಾಗಿಯೇ ಉಳಿದು ಸುಖವಾಗಿರಲಿ, ಅದನ್ನು ಅಮ್ಮ ನೋಡಲಿ, ನೋಡಿ ಆ ಆಸೆ ಬಿಡಲಿ ಎನ್ನುವುದು ಅವನ ಬಯಕೆ. ಇದನ್ನು ಹೆಂಡತಿಯ ಹತ್ತಿರ ಬಿಟ್ಟರೆ ಬೇರೆ ಯಾರ ಹತ್ತಿರವೂ ಅವನು ಹೇಳಿಕೊಂಡಿರಲಿಲ್ಲ.

ಹೀಗಿರುವಾಗ ಒಂದು ಬೆಳಿಗ್ಗೆ ಬೀದಿಗೆ ಸಿನಿಮಾದವರೇ ಬಂದರು.

ತಲೆಗೊಂದು ಟೋಪಿ, ಮೂಗಿನ ತುದಿಗೆ ಕನ್ನಡಕ ಇಟ್ಟುಕೊಂಡಿದ್ದ ನಿರ್ದೇಶಕ ಅಂಗಡಿಯ ಮುಂದೆ ನಿಂತು ಎರಡು ಕೈಗಳಿಂದ ಚೌಕ ಮಾಡಿ ಒಳಗೆ ನೋಡಿದ. ತನ್ನ ಸಿನಿಮಾದ ನಾಯಕ ಒಬ್ಬ ಕುಂಟ ಟೈಲರ್, ಶೂಟಿಂಗಿಗೆ ಇಂಥದೇ ಅಂಗಡಿ ಹುಡುಕುತ್ತಿದ್ದೇನೆ ಎಂದ. ಮಾಸ್ಟರ್ ಎದ್ದು ನಿಂತ. ನಿರ್ದೇಶಕನ ಕಣ್ಣು ಅಗಲವಾಯಿತು.

“ಮಾಸ್ಟ್ರೇ, ನೀವು ನಿಜವಾಗ್ಲೂ…?”

“ಒಂದೂವರೆ ಇಂಚು,” ಎಂದ ಮಾಸ್ಟರ್.

“ನಾಯಕನ ಅಣ್ಣನ ಪಾತ್ರ ಒಂದಿದೆ, ಅವನೂ ಕುಂಟ. ಸ್ವಲ್ಪ ನಡೆದು ತೋರಿಸ್ತೀರಾ?”

ಮಾಸ್ಟರ್ ದೀಪದ ಕಂಬದ ತನಕ ನಡೆದು ಹೋಗಿ, ತಿರುಗಿ ನಡೆದು ಬಂದ. ನಿರ್ದೇಶಕ ಇನ್ನೊಂದು ಸಲ ಎಂದ. ಮಾಸ್ಟರ್ ಇನ್ನೊಂದು ಸಲ ನಡೆದ. ನಿರ್ದೇಶಕ ಬಗ್ಗಿ ನೋಡಿದ, ಕೂತು ನೋಡಿದ, ಗಲ್ಲ ಕೆರೆದುಕೊಂಡ. ಬೀದಿಯ ಅರ್ಧ ಜನ ತಂತಮ್ಮ ಬಾಗಿಲಿಗೆ ಬಂದು ನಿಂತಿದ್ದರು.

“ಬೇಜಾರು ಮಾಡ್ಕೋಬೇಡಿ,” ಎಂದ ಕೊನೆಗೆ. “ನೀವು ಕುಂಟೋದು ನ್ಯಾಚುರಲ್ ಆಗಿ ಬರ್ತಿಲ್ಲ.”

ನಲವತ್ತಾರು ವರ್ಷ ಒಂದು ದಿನವೂ ತಪ್ಪದೆ ಅಭ್ಯಾಸ ಮಾಡಿದವನಿಗೆ ಈ ಮಾತು. ಒಳಗಿನಿಂದ ಹೆಂಡತಿ ಬಿದ್ದು ಬಿದ್ದು ನಗುವುದು ಕೇಳಿಸಿತು. “ಮುಖದಲ್ಲಿ ನೋವು ಬೇಕು. ನೀವು ಅಂಗಡಿಗೆ ಹೋಗೋರ ಥರ ನಡೀತೀರಿ,” ಎಂದು ನಿರ್ದೇಶಕ ಬಿಡಿಸಿ ಹೇಳಿದ. “ನಾನು ಹೋಗ್ತಿರೋದೂ ಅಂಗಡಿಗೇ ಅಲ್ವಾ ಸಾರ್,” ಎಂದ ಮಾಸ್ಟರ್. ಪಾತ್ರ ಕೈತಪ್ಪಿತು. ಆದರೆ ನಾಯಕನ ಬಟ್ಟೆ ಹೊಲಿಯುವ ಕೆಲಸ, ನಾಯಕನಿಗೆ ಯಂತ್ರ ತುಳಿಯುವುದನ್ನು ಕಲಿಸುವ ಕೆಲಸ, ಎರಡೂ ಸಿಕ್ಕಿದವು.

ಮರುದಿನ ಅಂಗಡಿಗೆ ಬಂದ, ಸೆಟ್ ಹಾಕುವ ಆರ್ಟಿನವರು ಇಲ್ಲಿ ಬಡತನ ಕಾಣುತ್ತಿಲ್ಲ ಎಂದು ಟ್ಯೂಬ್‌ಲೈಟ್ ಕಿತ್ತು ಕಂದೀಲು ತೂಗುಹಾಕಿದರು, ಗೋಡೆಗೆ ಮಸಿ ಬಳಿದರು, ಮೂಲೆ ಮೂಲೆಗೆ ಡಬ್ಬದಿಂದ ಜೇಡರಬಲೆ ಸಿಂಪಡಿಸಿದರು. ಹಿಂದಿನ ದಿನವಿಡೀ ಗುಡಿಸಿ ಒರೆಸಿ ಸುಸ್ತಾಗಿದ್ದ ಹೆಂಡತಿ ಅದನ್ನು ನೋಡಿ ನಿಂತಲ್ಲೇ ನಿಂತಳು. ಮೊದಲೇ ಹೇಳಿದ್ದರೆ ನಾನು ಗುಡಿಸದೇ ಇರುತ್ತಿದ್ದೆನಲ್ಲ ಎಂದು ಅವಳು ಅಂದದ್ದಕ್ಕೆ, ನಿಜವಾದ ಜೇಡರಬಲೆ ಕ್ಯಾಮರಾಕ್ಕೆ ಸರಿಯಾಗಿ ಬೀಳುವುದಿಲ್ಲ ಎಂದು ಉತ್ತರ ಬಂತು.

ಹೀರೋ ಒಳ್ಳೆಯ ಹುಡುಗ. ಆರಡಿ ಎತ್ತರ, ಎರಡೂ ಕಾಲು ಒಂದೇ ಅಳತೆ. ತುಂಬ ಶ್ರದ್ಧೆಯಿಂದ ನೋಟ್‌ಬುಕ್ ಹಿಡಿದು ಕೂತು ಮಾಸ್ಟರನ್ನು ಪ್ರಶ್ನೆ ಕೇಳಿದ.

“ಬೀದೀಲಿ ಜನ ಓಡಾಡೋದು ನೋಡಿದಾಗ ನಿಮ್ಮ ಮನಸ್ಸಿನಲ್ಲಿ ಏನು ಬರತ್ತೆ ಮಾಸ್ಟರ್?”

“ಆ ಪ್ಯಾಂಟು ಯಾರು ಹೊಲಿದಿದಾರೆ ಅಂತ ಬರತ್ತೆ.”

ಹೀರೋ ಅದನ್ನು ಬರೆದುಕೊಂಡು, ಪಕ್ಕದಲ್ಲಿ ‘ಅಡಗಿಸಿಟ್ಟ ದುಃಖ’ ಎಂದು ಸೇರಿಸಿದ. ಮಾಸ್ಟರಿಗೆ ತಲೆಕೆಳಗಾಗಿ ಓದುವುದು ಬರುತ್ತಿತ್ತು, ಗಿರಾಕಿಗಳ ಚೀಟಿ ಓದಿ ಓದಿ.

ಕತೆ ಏನೆಂದು ನಿರ್ದೇಶಕ ಒಂದು ಮಧ್ಯಾಹ್ನ ಹೇಳಿದ. ಟೈಲರಿಗೆ ಡಾಕ್ಟರ ಮಗಳ ಮೇಲೆ ಪ್ರೀತಿ. ಡಾಕ್ಟರು ಕಾಲಿಗೆ ಆಪರೇಷನ್ ಮಾಡುತ್ತಾರೆ. ಹುಡುಗಿ ರೈಲು ಹತ್ತಿ ಹೋಗುತ್ತಿರುವಾಗ ಟೈಲರ್ ಬ್ಯಾಂಡೇಜು ಹರಿದು ಎಸೆದು ಪ್ಲಾಟ್‌ಫಾರಂ ತುಂಬ ಓಡುತ್ತಾನೆ. ಮಾಸ್ಟರನ ಕೈಯಲ್ಲಿದ್ದ ಚಾಕ್ ನಿಂತಿತು.

“ಕೊನೆಗೆ ಓಡಲೇಬೇಕಾ ಸಾರ್?”

“ಜನ ಟಿಕೆಟ್ ತಗೊಂಡು ಬಂದಿರ್ತಾರೆ ಮಾಸ್ಟ್ರೇ. ಕಾಲು ಸರಿ ಮಾಡದೆ ಅವರನ್ನ ಮನೆಗೆ ಕಳಿಸಕ್ಕಾಗತ್ತಾ?”

ಮಾಸ್ಟರಿಗೆ ಮುಂದಿನದೆಲ್ಲ ಕಣ್ಣಿಗೆ ಕಟ್ಟಿತು. ತನ್ನ ಅಂಗಡಿ, ತನ್ನ ಯಂತ್ರ, ತಾನು ಹೊಲಿದ ಪ್ಯಾಂಟು. ಅದರೊಳಗಿನ ಕಾಲು ಓಡುತ್ತದೆ. ದೀಪ ಹತ್ತುತ್ತದೆ. ಅಮ್ಮ ತಲೆ ಬಗ್ಗಿಸುತ್ತಾಳೆ. ಇಷ್ಟು ವರ್ಷ ಬೇರೆ ಯಾರದೋ ಕತೆ ಎಂದು ತಪ್ಪಿಸಿಕೊಳ್ಳಬಹುದಿತ್ತು. ಇದು ಹಾಗಲ್ಲ. ಅಮ್ಮನಂತೂ ನಮ್ಮ ಅಂಗಡಿ ಸಿನಿಮಾದಲ್ಲಿ ಬರುತ್ತದೆ ಎಂದು ಆಗಲೇ ಇಡೀ ಬೀದಿಗೆ ಸಾರಿ ಬಂದಿದ್ದಳು. ಹೋದ ವರ್ಷವಷ್ಟೇ ಕಣ್ಣಿನ ಪೊರೆ ತೆಗೆಸಿಕೊಂಡಿದ್ದಳು, ಈಗ ಅವಳಿಗೆ ಎದುರುಮನೆಯ ಗಡಿಯಾರದ ಸೆಕೆಂಡ್ ಮುಳ್ಳೂ ಕಾಣುತ್ತಿತ್ತು.

ಶೂಟಿಂಗ್ ನಡೆಯಿತು. ಮೊದಲು ಎಲ್ಲೋ ಒಂದು ಆಸ್ಪತ್ರೆಯಲ್ಲಿ ಆಪರೇಷನ್ ಭಾಗ ಮುಗಿಸಿಕೊಂಡು, ಆಮೇಲೆ ಬೀದಿಗೆ ಬಂದರು. ನಾಯಕನಿಗಾಗಿ ಮಾಸ್ಟರ್ ಒಂದೇ ಬಟ್ಟೆಯಲ್ಲಿ ಒಂದೇ ಥರದ ಮೂರು ಪ್ಯಾಂಟು ಹೊಲಿದು, ಗುರುತಿಗೆ ಸೊಂಟದ ಒಳಗೆ ದಾರದಲ್ಲಿ ಒಂದು ಗಂಟು, ಎರಡು ಗಂಟು, ಮೂರು ಗಂಟು ಹಾಕಿಕೊಟ್ಟಿದ್ದ. ಒಂದನೆಯದು ಹಾಕಿಕೊಂಡು ಹೀರೋ ಹತ್ತು ದಿನ ಬೀದಿಯಲ್ಲಿ ಕುಂಟಿದ. ನಡುವೆ ನಾಲ್ಕು ದಿನ ಬಿಡುವು ಬಂತು. ಆಮೇಲೆ ಎರಡನೆಯದು ಹಾಕಿಕೊಂಡು ಇನ್ನೂ ಹತ್ತು ದಿನ ಕುಂಟಿದ. ಕೊನೆಗೆ ಉಳಿದದ್ದು ರೈಲಿನ ಓಟ ಒಂದೇ. ಅದಕ್ಕೆ ಮೂರನೆಯ ಪ್ಯಾಂಟು. ಬಟ್ಟೆಯ ಉಸ್ತುವಾರಿ ನೋಡಿಕೊಳ್ಳುತ್ತಿದ್ದ ಹೆಂಗಸು ಹಳೆಯ ಎರಡನ್ನೂ ತಂದು ಮೇಜಿನ ಮೇಲೆ ಹಾಕಿ, “ಅಂಚು ಹೊಲಿದಿಡಿ ಮಾಸ್ಟ್ರೇ, ಸೋಮವಾರ ಓಡಿಸ್ತಾರೆ, ಓಡುವಾಗ ಒಂದು ಹರಿದ್ರೆ ಇವೂ ಬೇಕಾಗತ್ತೆ” ಎಂದು ಹೇಳಿ ಹೋದಳು.

ಮಾಸ್ಟರ್ ಒಂದು ಗಂಟಿನ ಪ್ಯಾಂಟು ಎತ್ತಿಕೊಂಡ. ಎಡಗಾಲಿನ ಅಂಚು ಬೆರಳಿನ ಕಡೆಗೆ ಸವೆದಿತ್ತು. ಅಚ್ಚುಕಟ್ಟಾಗಿದೆ, ಹುಡುಗ ಕಲಿತಿದ್ದಾನೆ ಅಂದುಕೊಂಡ. ಎರಡು ಗಂಟಿನದನ್ನು ಎತ್ತಿಕೊಂಡ. ಎಡಗಾಲು ಹೊಸದರ ಹಾಗೆ ಇತ್ತು. ಬಲಗಾಲಿನ ಅಂಚು ಚಿಂದಿ ಚಿಂದಿ.

ಅವನು ಪ್ಯಾಂಟನ್ನು ತಿರುಗಿಸಿ ನೋಡಿದ. ಒಳಗಿನದು ಹೊರಗೆ ಮಾಡಿ ನೋಡಿದ. ಗಂಟು ಎಣಿಸಿದ. ಆಮೇಲೆ ಎರಡನ್ನೂ ಹೆಂಡತಿಯ ಮಡಿಲಿಗೆ ಹಾಕಿದ.

“ನೋಡೇ. ಈ ಮಹಾನುಭಾವ ಎರಡೂ ಕಾಲು ಕುಂಟಿದಾನೆ.”

ಹೆಂಡತಿ ಸೂಜಿಯನ್ನು ತುಟಿಯಲ್ಲಿ ಕಚ್ಚಿಕೊಂಡೇ ನೋಡಿದಳು. ಸೂಜಿ ತೆಗೆದಳು. “ಆಪರೇಷನ್ ಯಾವ ಕಾಲಿಗೆ ಮಾಡಿದ್ರು?”

“ಎಡಗಾಲಿಗೆ. ಬ್ಯಾಂಡೇಜು ಹಾಕಕ್ಕೆ ಅಂತ ನನ್ನ ಹತ್ರಾನೇ ಬಿಳಿ ಬಟ್ಟೆ ಹರಿಸ್ಕೊಂಡು ಹೋಗಿದ್ರು. ಎಡಗಾಲಿಗೆ ಅಂತ ಹೇಳಿದ್ರು.”

“ಅಂದ್ರೆ ಬಲಗಾಲು ಕುಂಟೋನಿಗೆ ಎಡಗಾಲು ಕೊಯ್ದಿದಾರೆ,” ಎಂದಳು ಅವಳು. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಗಂಡ ಹೆಂಡತಿ ಒಟ್ಟಿಗೆ ಹೊಟ್ಟೆ ಹಿಡಿದುಕೊಂಡು ನಕ್ಕು ಎಷ್ಟೋ ದಿನವಾಗಿತ್ತು.

ನಗು ಇಳಿದ ಮೇಲೆ ಮಾಸ್ಟರ್ ಯೋಚನೆಗೆ ಬಿದ್ದ. ಸುಮ್ಮನಿದ್ದರೆ ಸಿನಿಮಾ ಹೀಗೇ ತೆರೆಗೆ ಬರುತ್ತದೆ, ಓಟವೂ ಇರುತ್ತದೆ, ಅಮ್ಮ ತಲೆ ಬಗ್ಗಿಸುವುದೂ ಇರುತ್ತದೆ. ಮೇಲಿಂದ ಯಾರಾದರೂ ಕಂಡುಹಿಡಿದರೆ ಜನ ನಗುವುದು ಹೀರೋನನ್ನು ನೋಡಿ ಅಲ್ಲ, ಕುಂಟರನ್ನು ನೋಡಿ. ಹೇಳಿದರೋ, ಓಟ ತಪ್ಪಿದರೂ ತಪ್ಪಬಹುದು. ಅವನ ಮುಖ ಓದಿದ ಹೆಂಡತಿ ಕೇಳಿದಳು.

“ರೀ, ನೀವು ಹೇಳೋದು ಅವರ ಸಿನಿಮಾ ಉಳಿಸಕ್ಕಾ, ನಿಮ್ಮಮ್ಮನ ಕಣ್ಣಿಂದ ತಪ್ಪಿಸ್ಕೊಳ್ಳಕ್ಕಾ?”

“ಎರಡಕ್ಕೂ.”

“ಸರಿ, ಈ ಕಾಜಾ ಮುಗಿಸಿ ಫೋನ್ ಮಾಡ್ತೀನಿ.”

ಸಂಜೆಯ ಹೊತ್ತಿಗೆ ನಿರ್ದೇಶಕ, ಹೀರೋ, ಉಸ್ತುವಾರಿ ಹೆಂಗಸು ಮೂವರೂ ಅಂಗಡಿಯಲ್ಲಿ ಹಾಜರಾದರು. ಮಾಸ್ಟರ್ ಯಂತ್ರದ ಹಿಂದೆ ಕೂತೇ ಎರಡೂ ಪ್ಯಾಂಟುಗಳನ್ನು ಮೇಜಿನ ಮೇಲೆ ಪಕ್ಕಪಕ್ಕ ಹಾಸಿ ವಿಷಯ ಹೇಳಿದ. ನಿರ್ದೇಶಕ ನಂಬಲಿಲ್ಲ. ಉಸ್ತುವಾರಿಯವಳು ತನ್ನ ಫೋನಿನಲ್ಲಿದ್ದ ಶೂಟಿಂಗ್ ಚಿತ್ರಗಳನ್ನು ಒಂದೊಂದಾಗಿ ತೆಗೆದಳು. ಮೊದಲ ಹತ್ತು ದಿನ ಎಡಗಾಲು, ಆಮೇಲಿನ ಹತ್ತು ದಿನ ಬಲಗಾಲು. ಇಪ್ಪತ್ತು ದಿನವೂ ಎಲ್ಲರೂ ಹೀರೋನ ಕೂದಲು ಸರಿಯಾಗಿದೆಯೇ ಎಂದು ನೋಡುತ್ತಿದ್ದರು. ಕೂದಲು ಸರಿಯಾಗಿಯೇ ಇತ್ತು.

ನಿರ್ದೇಶಕ ಟೋಪಿ ತೆಗೆದು ಹೀರೋನ ಕಡೆ ತಿರುಗಿದ. ಹೀರೋನ ಕಿವಿ ಕೆಂಪಾಯಿತು.

“ಬಿಡುವಿನಲ್ಲಿ ಎಡಗಾಲು ತುಂಬಾ ನೋವು ಬಂತು ಸಾರ್. ಅದಕ್ಕೆ ಆಮೇಲೆ ಈ ಕಡೆ ಬದಲಾಯಿಸಿಕೊಂಡೆ.” ಆಮೇಲೆ ಮಾಸ್ಟರನ ಕಡೆ ನೋಡಿ, ನ್ಯಾಯ ಕೇಳುವವನಂತೆ ಅಂದ, “ಒಂದೇ ಕಾಲಲ್ಲಿ ಎಷ್ಟು ದಿನ ಅಂತ ಕುಂಟೋದು, ನೀವೇ ಹೇಳಿ ಮಾಸ್ಟರ್.”

ಹೆಂಡತಿ ಪರದೆಯ ಹಿಂದೆ ಹೋಗಿ ಬಾಯಿಗೆ ಬಟ್ಟೆ ತುರುಕಿಕೊಂಡಳು.

ನಿರ್ದೇಶಕ ಅಂಗಡಿಯ ಎಂಟಡಿ ಅಗಲದಲ್ಲೇ ಅತ್ತಿಂದಿತ್ತ ಓಡಾಡಿದ. ಮತ್ತೆ ತೆಗೆಯುವಂತಿಲ್ಲ, ಹೀರೋ ಮುಂದಿನ ವಾರ ಬೇರೆ ಸಿನಿಮಾಕ್ಕೆ ಹೋಗುತ್ತಾನೆ. ಎರಡೂ ಕಾಲಿಗೆ ಆಪರೇಷನ್ ಮಾಡಿಸೋಣವೇ ಎಂದ. ಆಸ್ಪತ್ರೆಯವರು ಮತ್ತೆ ಬಿಡುವುದಿಲ್ಲ ಎಂದಳು ಉಸ್ತುವಾರಿಯವಳು. ಕುಂಟರಿಬ್ಬರು, ಅವಳಿಜವಳಿ ಎಂದು ಮಾಡಿದರೆ ಹೇಗೆ ಎಂದು ಹೀರೋ ಕೇಳಿದ. ನಿರ್ದೇಶಕ ಟೋಪಿಯಿಂದ ಗಾಳಿ ಬೀಸಿಕೊಂಡ.

“ಸಾರ್,” ಎಂದ ಮಾಸ್ಟರ್. “ಆಪರೇಷನ್ ತೆಗೆದುಬಿಡಿ. ಆಪರೇಷನ್ ಇದ್ರೆ ಜನ ಯಾವ ಕಾಲು ಅಂತ ನೋಡ್ತಾರೆ. ಅದಿಲ್ದಿದ್ರೆ ಯಾರೂ ನೋಡಲ್ಲ.”

“ಹೇಗೆ ನೋಡಲ್ಲ? ಸಿನಿಮಾ ಪೂರ್ತಿ ಕುಂಟ್ತಾನಲ್ಲ.”

“ಕುಂಟ ಅಂತ ನೋಡ್ತಾರೆ. ಯಾವ ಕಾಲು ಅಂತ ನೋಡಲ್ಲ.” ಮಾಸ್ಟರ್ ಯಂತ್ರದ ಹಿಂದಿನಿಂದ ಕದಲಲಿಲ್ಲ. “ನನ್ನನ್ನ ನೀವು ಈ ಬೀದೀಲಿ ಎರಡು ಸಲ ನಡೆಸಿ, ಕೂತು ಬಗ್ಗಿ ನೋಡಿದೀರಿ. ಒಂದು ತಿಂಗಳಿಂದ ದಿನಾ ನೋಡ್ತಿದೀರಿ. ಹೇಳಿ ಸಾರ್, ನಂದು ಯಾವ ಕಾಲು?”

ನಿರ್ದೇಶಕ ಯಂತ್ರದ ಅಡಿಗೆ ಬಗ್ಗಲು ಹೋದ. ಮಾಸ್ಟರ್ ಕತ್ತರಿಸುವ ಬಟ್ಟೆಯನ್ನು ಎಳೆದು ಅಡ್ಡ ಹಾಕಿದ.

“ಬಲಗಾಲು,” ಎಂದ ನಿರ್ದೇಶಕ.

“ಬಲಗಾಲೇ,” ಎಂದ ನೋಟ್‌ಬುಕ್ ತುಂಬ ಬರೆದುಕೊಂಡಿದ್ದ ಹೀರೋ.

ಉಸ್ತುವಾರಿ ಹೆಂಗಸು ತಾನು ಯಾವತ್ತೂ ಗಮನಿಸಿರಲಿಲ್ಲ ಎಂದು ಒಪ್ಪಿಕೊಂಡಳು. ಮೂವರಲ್ಲಿ ಅವಳೊಬ್ಬಳೇ ಮರ್ಯಾದೆಯಿಂದ ಪಾರಾದದ್ದು. ಮಾಸ್ಟರ್ ಬಟ್ಟೆ ಸರಿಸಿ, ದಪ್ಪ ಅಟ್ಟೆಯ ಎಡಗಾಲನ್ನು ಮಣೆಯ ಸಮೇತ ಮುಂದಕ್ಕೆ ಇಟ್ಟ.

ನಿರ್ದೇಶಕ ಗಿರಾಕಿಗಳ ಬೆಂಚಿನ ಮೇಲೆ ಕೂತು ಅದನ್ನೇ ನೋಡಿದ. “ಓಟ ಇಲ್ಲ ಅಂದ್ರೆ ಕೊನೆಗೆ ಏನು ಮಾಡ್ತಾನೆ ಅವನು?” ಎಂದು ಕೇಳಿದ.

“ಏನು ಮಾಡ್ತಾನೆ? ಅಂಗಡಿ ಬಾಗಿಲು ಎಳೀತಾನೆ. ಮನೆಗೆ ಹೋಗ್ತಾನೆ. ಹೊಟ್ಟೆ ಹಸಿದಿರತ್ತೆ.”

“ಹುಡುಗಿ?”

“ಅವಳು ರೈಲು ಹತ್ತಿದ್ರೆ ಹೋಗ್ಲಿ. ಹತ್ತದೇ ಇದ್ರೆ ಮನೇಲಿ ಬೈಯಕ್ಕೆ ಕಾಯ್ತಿರ್ತಾಳೆ.”

ಪರದೆಯ ಹಿಂದಿನಿಂದ ಕೆಮ್ಮು ಕೇಳಿಸಿತು. ಕಲೆಗಿಂತ ಹೆಚ್ಚಾಗಿ ನಿರ್ದೇಶಕನನ್ನು ಒಪ್ಪಿಸಿದ್ದು ರೈಲು ಬೇಡ, ಅರ್ಧ ದಿನದಲ್ಲಿ ಮುಗಿಯುತ್ತದೆ ಎನ್ನುವ ಸಂಗತಿಯೇ ಇರಬೇಕು. ಸೋಮವಾರ ಹೀರೋ ಬಾಗಿಲು ಎಳೆದು, ಬೀದಿಯಲ್ಲಿ ಕುಂಟುತ್ತಾ ಹೋಗಿ, ಒಂದು ಮನೆಯ ಬಾಗಿಲು ತಟ್ಟಿದ. ಓಟಕ್ಕೆಂದು ಎರಡು ತಿಂಗಳು ಬೆವರು ಸುರಿಸಿ ಅಭ್ಯಾಸ ಮಾಡಿದ್ದೆ ಎಂದು ಅವನು ಎರಡು ದಿನ ಮುಖ ಊದಿಸಿಕೊಂಡಿದ್ದ. ಮಾಸ್ಟರ್ ಅವನಿಗೆ ಸಮಾಧಾನಕ್ಕೆ ಒಂದು ಶರ್ಟು ಹೊಲಿದುಕೊಟ್ಟ.

ಸಿನಿಮಾ ತೆರೆಗೆ ಬಂದ ಮೊದಲ ಭಾನುವಾರ ಮಧ್ಯಾಹ್ನದ ಆಟಕ್ಕೆ ಮೂವರೂ ಹೋದರು. ಅಮ್ಮನ ಎಡಕ್ಕೆ ಮಗ, ಮಗನ ಆಚೆ ಸೊಸೆ. ಸೊಸೆಗೆ ಕತ್ತಲೆ ಕಂಡರೆ ನಿದ್ದೆ, ಹೆಸರುಗಳು ಮುಗಿಯುವ ಹೊತ್ತಿಗೆ ಅವಳು ಗಂಡನ ಹೆಗಲ ಮೇಲಿದ್ದಳು. ತೆರೆಯ ಮೇಲೆ ಅಂಗಡಿ ಬಂತು, ಕಂದೀಲು ಬಂತು, ಜೇಡರಬಲೆ ಬಂತು. ಹೀರೋ ಎಡಗಾಲು ಕುಂಟಿಕೊಂಡು ಟೀ ಅಂಗಡಿಯ ಒಳಗೆ ಹೋದ, ಬಲಗಾಲು ಕುಂಟಿಕೊಂಡು ಹೊರಗೆ ಬಂದ. ಮಾಸ್ಟರ್ ಸುತ್ತ ನೋಡಿದ. ಟಾಕೀಸು ತುಂಬ ಜನ, ಒಬ್ಬರೂ ಕಮಕ್ ಕಿಮಕ್ ಅನ್ನಲಿಲ್ಲ. ಎದುರು ಸಾಲಿನಲ್ಲಿ ಒಬ್ಬಾಕೆ ಪಾಪ ಪಾಪ ಎಂದು ಅಳುತ್ತಿದ್ದಳು, ಯಾವ ಕಾಲಿಗೆ ಅಳುತ್ತಿದ್ದಾಳೆಂದು ಅವಳಿಗೂ ಗೊತ್ತಿರಲಾರದು.

ಕೊನೆಯ ಐದು ನಿಮಿಷ ಬಂತು. ಹೀರೋ ಬಾಗಿಲು ಎಳೆದ, ಬೀಗ ಹಾಕಿದ, ಮನೆಗೆ ಹೋದ. ಇಷ್ಟು ಹೊತ್ತಾಗತ್ತಾ ಎಂದು ಹುಡುಗಿ ಬೈದಳು. ಅವನು ಕೈ ತೊಳೆದು ಊಟಕ್ಕೆ ಕೂತ. ಮುಗಿಯಿತು. ಮಾಸ್ಟರಿಗೆ ತನಗೇ ಗೊತ್ತಿಲ್ಲದೆ ಕಣ್ಣು ತುಂಬಿತ್ತು. ನಲವತ್ತೆರಡು ವರ್ಷಕ್ಕೆ ಮೊದಲ ಸಲ ಒಬ್ಬ ಕುಂಟ ಸಿನಿಮಾದಿಂದ ಜೀವಂತವಾಗಿ, ಕುಂಟುತ್ತಲೇ, ಮನೆ ಸೇರಿದ್ದ.

ದೀಪ ಹತ್ತಿತು. ಅಮ್ಮ ಕರವಸ್ತ್ರದಿಂದ ಕಣ್ಣು ಒರೆಸಿಕೊಂಡಳು. ಒರೆಸಿಕೊಂಡು ಮೆಲ್ಲಗೆ ತಲೆ ಬಗ್ಗಿಸಿ ಮಗನ ಕಾಲು ನೋಡಿದಳು.

ಇಷ್ಟು ವರ್ಷ ಕಟ್ಟಿಟ್ಟದ್ದು ಮಾಸ್ಟರನ ಬಾಯಿಂದ ಹೊರಗೆ ಬಂತು. “ಈಗಲೂ ಯಾಕೆ ನೋಡ್ತೀಯಮ್ಮಾ? ಸಿನಿಮಾದವನದೇ ಸರಿಹೋಗ್ಲಿಲ್ಲ, ನಂದು ಹೋಗತ್ತಾ?”

“ಏನು ಸರಿಹೋಗೋದು?” ಎಂದಳು ಅಮ್ಮ. ಅವಳಿಗೆ ನಿಜವಾಗಿಯೂ ತಿಳಿಯಲಿಲ್ಲ.

“ಕಾಲು. ಪ್ರತಿ ಸಲ ಸಿನಿಮಾ ಮುಗಿದ ಮೇಲೆ ನನ್ನ ಕಾಲು ನೋಡ್ತೀಯಲ್ಲ.”

“ನೋಡದೆ ಮತ್ತೆ? ಎರಡೂವರೆ ಗಂಟೆ ಕಾಲು ಮಡಚಿ ಕೂತಿರ್ತೀಯ. ಜೋಮು ಹಿಡಿದಿರತ್ತೆ. ಮೊದಲ್ನೇ ಸಲ ಕರ್ಕೊಂಡು ಬಂದಾ‌ಗ ದಡಬಡ ಎದ್ದು ಮುಂದಿನ ಕುರ್ಚಿಗೆ ಬಿದ್ದು ಗಲ್ಲ ಒಡ್ಕೊಂಡಿರ್ಲಿಲ್ವಾ? ಅವತ್ತಿಂದ ಪಾದ ಆಡ್ತಿದೆಯಾ ಅಂತ ನೋಡ್ಕೊಂಡೇ ನಡಿ ಅನ್ನೋದು ನಾನು.”

ಮಾಸ್ಟರನ ಕೈ ತಾನಾಗಿಯೇ ಗಲ್ಲಕ್ಕೆ ಹೋಯಿತು. ಗಡ್ಡ ಬೋಳಿಸುವಾಗ ದಿನಾ ರೇಜರ್ ತಡೆಯುವ ಹಳೆಯ ಗಾಯದ ಗುರುತು ಅಲ್ಲೇ ಇತ್ತು.

“ಮತ್ತೆ ಅಳ್ತಿದ್ದದ್ದು?”

“ನಾನು ಎಲ್ಲಾ ಸಿನಿಮಾಕ್ಕೂ ಅಳ್ತೀನಪ್ಪ. ಕಳ್ಳ ಸಿಕ್ಕಿಬಿದ್ದರೂ ಅಳ್ತೀನಿ.”

“ಹಾಗಾದ್ರೆ ಕುಂಟರ ಸಿನಿಮಾನೇ ಯಾಕೆ ಹುಡುಕಿ ಹುಡುಕಿ ಕರ್ಕೊಂಡು ಬರ್ತಿದ್ದೆ?”

ಅಮ್ಮ ಕರವಸ್ತ್ರ ಮಡಚಿ ಚೀಲಕ್ಕೆ ಹಾಕಿಕೊಂಡಳು. “ಇನ್ಯಾವುದಕ್ಕೆ ಕರ್ಕೊಂಡು ಬರ್ಲಿ? ಬೇರೆ ಯಾವ ಸಿನಿಮಾದಲ್ಲೂ ನಿನ್ನ ಥರದೋರು ಇರ್ತಿರ್ಲಿಲ್ಲ.”

ಜನ ಎದ್ದು ಹೊರಗೆ ಹೋಗುತ್ತಿದ್ದರು. ಹೆಗಲ ಮೇಲೆ ಹೆಂಡತಿ ಸಣ್ಣಗೆ ಗೊರಕೆ ಹೊಡೆಯುತ್ತಿದ್ದಳು. ಅವನು ಎಡಗಾಲಿನ ಪಾದ ಆಡಿಸಿ ನೋಡಿದ. ಆಡಲಿಲ್ಲ. ಜೋಮು ಹಿಡಿದಿತ್ತು.

“ಅದಿರ್ಲಿ,” ಎಂದಳು ಅಮ್ಮ, ತೆರೆಯ ಕಡೆ ಕೈ ತೋರಿಸಿ. “ಆ ಹುಡುಗ ಒಂದ್ಸಲ ಎಡಗಾಲು ಕುಂಟ್ತಾನೆ, ಒಂದ್ಸಲ ಬಲಗಾಲು ಕುಂಟ್ತಾನೆ. ಅಷ್ಟು ಜನ ಇದ್ರಲ್ಲ ಅಲ್ಲಿ, ಒಬ್ಬರೂ ನೋಡ್ಲಿಲ್ವಾ?”

ಕಸಬರಿಗೆ ಹಿಡಿದ ಟಾಕೀಸಿನ ಮುದುಕ ಸಾಲು ಸಾಲಾಗಿ ಗುಡಿಸುತ್ತಾ ಇವರ ಹತ್ತಿರ ಬಂದು, ಮುಂದಿನ ಆಟಕ್ಕೆ ಹೊತ್ತಾಯಿತು, ಏಳಿ ಎಂದ.

“ಒಂದು ನಿಮಿಷ ತಡಿಯಪ್ಪ,” ಎಂದಳು ಅಮ್ಮ. “ನಮ್ಮ ಹುಡುಗನ ಎಡಗಾಲು ಜೋಮು ಹಿಡಿದಿದೆ.”